ಅಮಾನತ್ತಿನಲ್ಲಿಟ್ಟ ಆಟ

ವಿಡಿಯೋ ಗೇಮ್‌ಗಳ ಕುರಿತು ನಮ್ಮಲ್ಲಿ ಮಾತು ಬಂದಾಗಲೆಲ್ಲ ಅದು ಎರಡು ದಾರಿಗಳಲ್ಲಿ ಒಂದನ್ನು ಹಿಡಿಯುತ್ತದೆ. ಮೊದಲನೆಯದು ಹೆತ್ತವರ ದಾರಿ. ಮಕ್ಕಳ ಕಣ್ಣು ಹಾಳಾಗುತ್ತದೆ, ಓದು ಕೆಡುತ್ತದೆ, ಊಟಕ್ಕೆ ಕರೆದರೂ ಏಳುವುದಿಲ್ಲ ಎಂಬ ದೂರು. ಎರಡನೆಯದು ಧಾರ್ಮಿಕರ ದಾರಿ. ಇದು ಹಲಾಲೋ ಹರಾಮೋ, ಇದರಲ್ಲಿ ಜೂಜಿನ ಅಂಶವಿದೆಯೇ ಎಂಬ ವಿಚಾರಣೆ. 2001ರಲ್ಲಿ ಸೌದಿ ಅರೇಬಿಯಾ ಪೊಕೆಮಾನ್ ಆಟಗಳನ್ನೂ ಕಾರ್ಡುಗಳನ್ನೂ ನಿಷೇಧಿಸಿತು. ಅಲ್ಲಿನ ವಿದ್ವಾಂಸರು ಮುಂದಿಟ್ಟ ಕಾರಣಗಳಲ್ಲಿ ಜೂಜಿನ ಹೋಲಿಕೆಯೂ ಒಂದಾಗಿತ್ತು. 2016ರಲ್ಲಿ ಮೊಬೈಲಿಗೆ ಪೊಕೆಮಾನ್ ಗೋ ಬಂದಾಗ ಆ ಹಳೆಯ ಫತ್ವಾ ಮತ್ತೆ ಸುದ್ದಿಯಾಯಿತು.

ಈ ಎರಡೂ ಚರ್ಚೆಗಳು ಬೇಡವೆಂದು ಯಾರೂ ಹೇಳಲಾರರು. ಆದರೆ ಎರಡರಲ್ಲೂ ಏಳದ ಪ್ರಶ್ನೆಯೊಂದಿದೆ. ದುಡ್ಡು ಕೊಟ್ಟು ಕೊಂಡ ಆಟ ಯಾರ ಸ್ವತ್ತು? ಆಡಿ ಗಳಿಸಿದ್ದು ಯಾರ ಸ್ವತ್ತು? ಐದಾರು ವರ್ಷಗಳಿಗೊಮ್ಮೆ ಹಳೆಯ ಯಂತ್ರ ಮೂಲೆಗೆ ಸೇರಿ ಹೊಸದು ಬಂದಾಗ ಇವೆರಡೂ ಕೊಂಡವನ ಜೊತೆಗೆ ಬರುತ್ತವೆಯೇ? ಬಂದರೆ ಯಾರ ಅಪ್ಪಣೆಯಿಂದ? ವ್ಯಾಪಾರದಲ್ಲಿ ಮಾರುವವನ ಹಕ್ಕೇನು, ಕೊಳ್ಳುವವನ ಹಕ್ಕೇನು ಎಂಬುದನ್ನು ಅತಿ ಸೂಕ್ಷ್ಮವಾಗಿ ಚರ್ಚಿಸಿದ ಫಿಕ್‌ಹ್ ಪರಂಪರೆಯ ವಾರಸುದಾರರು ನಾವು. ಆಟಿಕೆ ಎಂದು ಉಪೇಕ್ಷಿಸಿದ ಕಾರಣಕ್ಕೋ ಏನೋ, ಈ ಪ್ರಶ್ನೆಗಳನ್ನು ನಾವು ಕೇಳಿಯೇ ಇಲ್ಲ.

ಅಂಗೈಯಲ್ಲಿ ಹಿಡಿದು ಆಡುವ ಯಂತ್ರಗಳ ಕಳೆದ ಮೂರೂವರೆ ದಶಕಗಳ ಇತಿಹಾಸವನ್ನು ಈ ಪ್ರಶ್ನೆಯ ಬೆಳಕಿನಲ್ಲಿ ಓದಲು ಸಾಧ್ಯ. ಅದಕ್ಕೆ ಪೊಕೆಮಾನ್ ಸರಣಿಗಿಂತ ಒಳ್ಳೆಯ ಪಠ್ಯ ಇನ್ನೊಂದಿಲ್ಲ. ನಿಂಟೆಂಡೊ ಯಂತ್ರಗಳ ಮಾರುಕಟ್ಟೆ ಭಾರತದಲ್ಲಿ ಎಂದೂ ದೊಡ್ಡದಾಗಿರಲಿಲ್ಲ. ನಮ್ಮ ಮಕ್ಕಳು ಪಿಕಾಚುವನ್ನು ಕಂಡದ್ದು ಹೆಚ್ಚಾಗಿ 2000ದ ದಶಕದ ಕಾರ್ಟೂನ್ ನೆಟ್‌ವರ್ಕ್ ಚಾನೆಲ್ಲಿನಲ್ಲಿ. ಆದರೆ ಈ ಕಾರ್ಟೂನಿಗೆ ಮೂಲವಾದ ಆಟ, ಒಂದು ಯಂತ್ರದಿಂದ ಇನ್ನೊಂದಕ್ಕೆ ಸಾಗಿಸುವುದನ್ನೇ ತನ್ನ ಜೀವಾಳವಾಗಿ ಮಾಡಿಕೊಂಡ ಆಟ. ಸಾಗಾಟದ ರೀತಿ ಬದಲಾದಂತೆ ಅದರ ಅರ್ಥವೂ ಬದಲಾಯಿತು.

ಮೊದಲು ಯಂತ್ರದ ವಿಷಯ. ನಿಂಟೆಂಡೊ ಕಂಪೆನಿಯ ಗೇಮ್‌ಬಾಯ್ 1989ರಲ್ಲಿ ಜಪಾನಿನಲ್ಲಿ ಬಿಡುಗಡೆಯಾಯಿತು. ಗುನ್‌ಪೆಯ್ ಯೊಕೊಯ್ ಅವರ ಬಳಗ ರೂಪಿಸಿದ ಈ ಯಂತ್ರದ ಪರದೆಗೆ ಬಣ್ಣವಿರಲಿಲ್ಲ, ಹಿಂಬದಿಯ ಬೆಳಕೂ ಇರಲಿಲ್ಲ. ನಾಲ್ಕು ಪೆನ್ ಸೆಲ್ ಹಾಕಿದರೆ ಓಡುತ್ತಿತ್ತು. ಹಳತಾಗಿ ಅಗ್ಗವಾದ ತಂತ್ರಜ್ಞಾನವನ್ನೇ ಹೊಸ ಬಗೆಯಲ್ಲಿ ಬಳಸಬೇಕೆಂಬುದು ಯೊಕೊಯ್ ಅವರ ನಿಲುವಾಗಿತ್ತು. ಆಟಗಳು ಪ್ಲಾಸ್ಟಿಕ್ಕಿನ ಪುಟ್ಟ ಕಾರ್ಟ್ರಿಜ್‌ಗಳಲ್ಲಿ ಬರುತ್ತಿದ್ದವು. ವಿಡಿಯೋ ಗೇಮಿನ ಕಾರ್ಟ್ರಿಜ್ಜನ್ನು ನಮ್ಮಲ್ಲಿ 'ಕ್ಯಾಸೆಟ್' ಎಂದೇ ಕರೆಯುತ್ತಿದ್ದರು. ಇಲ್ಲಿಯೂ ಹಾಗೆಯೇ ಕರೆಯೋಣ.

ಆ ಕ್ಯಾಸೆಟ್ಟಿನೊಳಗೆ ಎರಡು ಬಗೆಯ ಚಿಪ್‌ಗಳಿದ್ದವು. ಒಂದರಲ್ಲಿ ಅಳಿಸಲಾಗದಂತೆ ಬರೆದ ಆಟ. ಇನ್ನೊಂದರಲ್ಲಿ ಆಡಿದವನ ದಾಖಲೆ. ಎಲ್ಲಿಯವರೆಗೆ ಬಂದ, ಏನನ್ನು ಗಳಿಸಿದ, ತನ್ನ ಪಾತ್ರಕ್ಕೆ ಏನು ಹೆಸರಿಟ್ಟ ಎಂಬುದೆಲ್ಲ ಇರುವ ಈ ದಾಖಲೆಗೆ 'ಸೇವ್ ಡೇಟಾ' ಎಂದು ಹೆಸರು. ವಿದ್ಯುತ್ ಇಲ್ಲದಿದ್ದರೆ ಈ ಎರಡನೆಯ ಚಿಪ್‌ಗೆ ನೆನಪು ನಿಲ್ಲುವುದಿಲ್ಲ. ಆದ್ದರಿಂದ ಕ್ಯಾಸೆಟ್ಟಿನೊಳಗೇ ಗುಂಡಿಯಾಕಾರದ ಒಂದು ಸೆಲ್ಲನ್ನು ಬೆಸುಗೆ ಹಾಕಿ ಕೂರಿಸಿರುತ್ತಿದ್ದರು. ವರ್ಷಗಟ್ಟಲೆ ಮುಟ್ಟದೆ ಬಿಟ್ಟರೂ ಆ ಸೆಲ್ ನೆನಪನ್ನು ಕಾಯುತ್ತಿತ್ತು.

ಇದರ ಪರಿಣಾಮವನ್ನು ಗಮನಿಸಬೇಕು. ಆಟ ಮತ್ತು ಆಡಿದವನ ನೆನಪು ಒಂದೇ ಡಬ್ಬಿಯೊಳಗಿದ್ದವು. ಯಂತ್ರ ಕೆಟ್ಟರೆ ಬೇರೆ ಯಂತ್ರಕ್ಕೆ ಹಾಕಿದರಾಯಿತು. 1998ರಲ್ಲಿ ಬಣ್ಣದ ಗೇಮ್‌ಬಾಯ್ ಬಂತು, 2001ರಲ್ಲಿ ಗೇಮ್‌ಬಾಯ್ ಅಡ್ವಾನ್ಸ್ ಬಂತು. ಎರಡೂ ಹಳೆಯ ಕ್ಯಾಸೆಟ್ಟುಗಳನ್ನು ಒಪ್ಪಿಕೊಂಡವು. ಅಣ್ಣನ ಕ್ಯಾಸೆಟ್ ತಮ್ಮನ ಕೈಗೆ ಬಂದರೆ ಅಣ್ಣ ಆಡಿದ್ದೂ ಜೊತೆಗೇ ಬರುತ್ತಿತ್ತು. ಯಾರನ್ನೂ ಕೇಳಬೇಕಾಗಿರಲಿಲ್ಲ, ಎಲ್ಲಿಯೂ ಹೆಸರು ನೋಂದಾಯಿಸಬೇಕಾಗಿರಲಿಲ್ಲ.

ಪೊಕೆಮಾನ್ ಹುಟ್ಟಿದ್ದು ಈ ಲೋಕದಲ್ಲಿ. ಅದರ ನಿರ್ಮಾತೃ ಸತೋಶಿ ತಾಜಿರಿ ಬಾಲ್ಯದಲ್ಲಿ ಟೋಕಿಯೊದ ಹೊರವಲಯದಲ್ಲಿ ಹುಳುಹುಪ್ಪಟೆ ಹಿಡಿದು ಸಂಗ್ರಹಿಸುತ್ತಿದ್ದ ಹುಡುಗ. ಎರಡು ಗೇಮ್‌ಬಾಯ್‌ಗಳನ್ನು ಜೋಡಿಸುವ ತಂತಿಯನ್ನು ಕಂಡಾಗ, ಅದರ ಮೂಲಕ ಹುಳುವೊಂದು ಈ ಕಡೆಯಿಂದ ಆ ಕಡೆಗೆ ತೆವಳುತ್ತ ಹೋಗುವುದನ್ನು ಅವರು ಕಲ್ಪಿಸಿಕೊಂಡರು. 1996ರಲ್ಲಿ ಜಪಾನಿನಲ್ಲಿ ಕೆಂಪು ಮತ್ತು ಹಸಿರು ಎಂಬ ಎರಡು ಆವೃತ್ತಿಗಳಲ್ಲಿ ಆಟ ಬಂತು. ಒಟ್ಟು 151 ಜೀವಿಗಳು. ಆದರೆ ಕೆಲವು ಒಂದರಲ್ಲಿ ಮಾತ್ರ ಸಿಗುತ್ತಿದ್ದವು, ಇನ್ನು ಕೆಲವು ಇನ್ನೊಂದರಲ್ಲಿ ಮಾತ್ರ. ಸಂಗ್ರಹ ಪೂರ್ತಿಯಾಗಬೇಕಾದರೆ ಗೆಳೆಯನ ಪಕ್ಕದಲ್ಲಿ ಕುಳಿತು, ತಂತಿ ಜೋಡಿಸಿ, ಕೊಟ್ಟು ತೆಗೆದುಕೊಳ್ಳಲೇಬೇಕು. ಒಬ್ಬನೇ ಕುಳಿತು ಆಡುವ ಯಂತ್ರದಲ್ಲಿ ಇನ್ನೊಬ್ಬನ ಅಗತ್ಯವನ್ನು ಹುಟ್ಟಿಸಿದ್ದು ಈ ಆಟದ ನಿಜವಾದ ಪ್ರತಿಭೆ. ಒಂದೇ ಆಟವನ್ನು ಎರಡಾಗಿ ಮಾರುವ ಜಾಣತನ ಅದರಲ್ಲಿ ಇಲ್ಲವೆಂದಲ್ಲ. ಆದರೆ ಕೊಟ್ಟವನ ಹೆಸರು, ಪಡೆದವನ ಆಟದಲ್ಲಿ ಆ ಜೀವಿಯ ಮೇಲೆ ಹಾಗೆಯೇ ಉಳಿಯುತ್ತಿತ್ತು ಎಂಬುದನ್ನೂ ಹೇಳಬೇಕು.

1999ರಲ್ಲಿ ಬಂಗಾರ ಮತ್ತು ಬೆಳ್ಳಿ ಆವೃತ್ತಿಗಳು ಬಂದವು. ಜೀವಿಗಳ ಸಂಖ್ಯೆ 251ಕ್ಕೆ ಏರಿತು. ಹಳೆಯ ಆಟದಲ್ಲಿ ಸಾಕಿದ್ದನ್ನು ಹೊಸದಕ್ಕೆ ತರಲು ಅದರಲ್ಲಿ 'ಟೈಮ್ ಕ್ಯಾಪ್ಸೂಲ್' ಎಂಬ ವ್ಯವಸ್ಥೆಯಿತ್ತು. ಮೂರು ವರ್ಷಗಳ ಹಿಂದಿನ ಆಟದೊಂದಿಗೆ ತಂತಿಯ ಮೂಲಕ ಮಾತಾಡುವುದನ್ನು ಕಾಲದಲ್ಲಿ ಹಿಂದಕ್ಕೆ ಹೋಗುವುದೆಂದು ಕತೆ ಕಟ್ಟಿದ್ದರು. ಕತೆಗಿಂತ ಮುಖ್ಯವಾದದ್ದು ಅದು ಎರಡೂ ಕಡೆಗೆ ತೆರೆದ ಬಾಗಿಲಾಗಿತ್ತು ಎಂಬುದು. ಹಳತರಿಂದ ಹೊಸದಕ್ಕೆ ತರಬಹುದು, ಹೊಸದರಿಂದ ಹಳತಕ್ಕೂ ಕಳುಹಿಸಬಹುದು. ಷರತ್ತು ಒಂದೇ. ಹಳೆಯ ಆಟಕ್ಕೆ ಗೊತ್ತಿರುವ ಜೀವಿಯಾಗಿರಬೇಕು, ಗೊತ್ತಿರುವ ವಿದ್ಯೆಯನ್ನಷ್ಟೇ ಕಲಿತಿರಬೇಕು. ಇಂಗ್ಲಿಷ್ ಶಾಲೆಗೆ ಹೋಗುವ ಮೊಮ್ಮಗ ಅಜ್ಜಿಯ ಮುಂದೆ ಕುಳಿತಾಗ ಬ್ಯಾರಿಯಲ್ಲೋ ದಖನಿಯಲ್ಲೋ ಮಾತಾಡಿದಂತೆ, ಹೊಸ ಆಟ ಹಳೆಯ ಆಟದ ಭಾಷೆಗೆ ಇಳಿದು ಮಾತಾಡುತ್ತಿತ್ತು. ಸರಣಿಯ ಇಡೀ ಇತಿಹಾಸದಲ್ಲಿ ಪೀಳಿಗೆಗಳ ನಡುವೆ ಇಷ್ಟು ಸಮಾನತೆಯ ಸಂಬಂಧ ಮತ್ತೆ ಕಾಣುವುದು ಕಷ್ಟ.

ಮೊದಲ ಕಡಿತ ಬಿದ್ದದ್ದು 2002ರಲ್ಲಿ. ಗೇಮ್‌ಬಾಯ್ ಅಡ್ವಾನ್ಸ್‌ಗಾಗಿ ಬಂದ ರೂಬಿ ಮತ್ತು ಸಫೈರ್ ಆವೃತ್ತಿಗಳಲ್ಲಿ ಜೀವಿಗಳ ಗುಣಬಲವನ್ನು ಲೆಕ್ಕ ಹಾಕುವ ಒಳಗಿನ ಪದ್ಧತಿಯನ್ನೇ ಬದಲಿಸಿದರು. ಯಂತ್ರವೇನೋ ಹಳೆಯ ಕ್ಯಾಸೆಟ್ಟುಗಳನ್ನು ಓದಬಲ್ಲುದಾಗಿತ್ತು, ಆದರೆ ಹೊಸ ಆಟಕ್ಕೆ ಹಳೆಯ ಆಟದ ಪರಿಚಯವೇ ಇರಲಿಲ್ಲ. ಆರು ವರ್ಷ ಸಾಕಿದ ಪೊಕೆಮಾನ್‌ಗಳು ಇದ್ದಲ್ಲಿಯೇ ಉಳಿದವು. ಅವು ಇಂದಿಗೂ ಮುಂದಕ್ಕೆ ಬರಲು ಅಧಿಕೃತ ದಾರಿಯಿಲ್ಲ. ಬಂಗಾರ, ಬೆಳ್ಳಿ ಕ್ಯಾಸೆಟ್ಟುಗಳಲ್ಲಿ ಹಗಲು ರಾತ್ರಿಯ ಗಡಿಯಾರವೂ ಅದೇ ಸೆಲ್ಲಿನಿಂದ ನಡೆಯುತ್ತಿದ್ದುದರಿಂದ ಅವುಗಳ ಸೆಲ್ ಇನ್ನೂ ಬೇಗ ಬರಿದಾಗುತ್ತದೆ. ಸೆಲ್ ಸತ್ತ ದಿನ ನೆನಪೂ ಹೋಗುತ್ತದೆ.

2016ರಲ್ಲಿ ಕಂಪೆನಿ ಅದೇ ಮೊದಲ ಆಟಗಳನ್ನು 3ಡಿಎಸ್ ಯಂತ್ರದ ಆನ್‌ಲೈನ್ ಅಂಗಡಿಯಲ್ಲಿ ಮತ್ತೆ ಮಾರಿತು. ಹೀಗೆ ಎರಡನೆಯ ಸಲ ಕೊಂಡ ಪ್ರತಿಯಲ್ಲಿ ಹಿಡಿದ ಜೀವಿಗಳನ್ನು ಹೊಸ ಆಟಗಳಿಗೆ ಸಾಗಿಸುವ ಅನುಕೂಲವನ್ನೂ ಆಮೇಲೆ ಕಲ್ಪಿಸಿತು. ಅಂದರೆ ಹಳೆಯ ಲೆಕ್ಕದಿಂದ ಹೊಸ ಲೆಕ್ಕಕ್ಕೆ ಪರಿವರ್ತನೆ ಸಾಧ್ಯವಿತ್ತು. ಬಾಲ್ಯದ ಕ್ಯಾಸೆಟ್ಟಿನಲ್ಲಿದ್ದದ್ದು ಮಾತ್ರ ಈ ಅನುಕೂಲದ ಹೊರಗೆ ಉಳಿಯಿತು.

ಮುಂದಿನ ಘಟ್ಟ ಕಲಾತ್ಮಕವಾಗಿ ಅತ್ಯಂತ ಸುಂದರವಾದದ್ದು. 2004ರಲ್ಲಿ ಬಂದ ನಿಂಟೆಂಡೊ ಡಿಎಸ್ ಯಂತ್ರಕ್ಕೆ ಎರಡು ಕಿಂಡಿಗಳಿದ್ದವು. ಒಂದು ಹೊಸ ಕಾರ್ಡಿಗೆ, ಇನ್ನೊಂದು ಹಳೆಯ ಅಡ್ವಾನ್ಸ್ ಕ್ಯಾಸೆಟ್ಟಿಗೆ. 2006ರ ಡೈಮಂಡ್ ಮತ್ತು ಪರ್ಲ್ ಆವೃತ್ತಿಗಳು ಈ ಎರಡು ಕಿಂಡಿಗಳನ್ನು ಬಳಸಿಕೊಂಡವು. ಹಳೆಯದನ್ನೂ ಹೊಸದನ್ನೂ ಒಟ್ಟಿಗೆ ಹಾಕಿದರೆ ಆಟದೊಳಗೆ 'ಪಾಲ್ ಪಾರ್ಕ್' ಎಂಬ ಉದ್ಯಾನ ತೆರೆದುಕೊಳ್ಳುತ್ತಿತ್ತು. ಒಂದು ಸಲಕ್ಕೆ ಆರು ಜೀವಿಗಳನ್ನು ತರಬಹುದು, ಮತ್ತೆ ಅದೇ ಕ್ಯಾಸೆಟ್ಟಿನಿಂದ ತರಲು 24 ಗಂಟೆ ಕಾಯಬೇಕು. ತಂದವು ನೇರವಾಗಿ ಕೈಗೆ ಸಿಗುವುದಿಲ್ಲ. ಪಾರ್ಕಿನ ಹುಲ್ಲಿನಲ್ಲಿ, ನೀರಿನಲ್ಲಿ ಅಡಗಿರುವ ಅವುಗಳನ್ನು ಹುಡುಕಿ ಮತ್ತೊಮ್ಮೆ ಹಿಡಿಯಬೇಕು. ಅದಕ್ಕೆ ಕೊಡುವ ಚೆಂಡು ಎಂದೂ ಗುರಿ ತಪ್ಪುವುದಿಲ್ಲ.

ಸೋಲೇ ಇಲ್ಲದ ಈ ಬೇಟೆಯನ್ನು ಆಟವೆನ್ನುವುದಕ್ಕಿಂತ ಶಾಸ್ತ್ರವೆನ್ನುವುದು ಸರಿ. ವರ್ಷಗಳ ಹಿಂದೆ ಹಿಡಿದದ್ದನ್ನು ಮತ್ತೆ ಹಿಡಿಯುವಾಗ ಆಡುವವನಿಗೆ ಮೊದಲ ಸಲದ ನೆನಪಾಗುತ್ತದೆ. ಮಾಹಿತಿಯನ್ನು ಒಂದು ಚಿಪ್‌ನಿಂದ ಇನ್ನೊಂದಕ್ಕೆ ನಕಲು ಮಾಡುವ ಒಣ ಕೆಲಸಕ್ಕೆ ಇಷ್ಟು ಭಾವ ತುಂಬಿದ ಕಲಾವಿದರನ್ನು ಮೆಚ್ಚಲೇಬೇಕು.

ಆದರೆ ಈ ಉದ್ಯಾನಕ್ಕೆ ಒಳಬಾಗಿಲು ಮಾತ್ರ ಇತ್ತು, ಹೊರಬಾಗಿಲಿರಲಿಲ್ಲ. ಬಂದವು ಹಿಂದಕ್ಕೆ ಹೋಗುವಂತಿಲ್ಲ. ಹಳೆಯ ಕ್ಯಾಸೆಟ್ಟಿನಲ್ಲಿ ಅವುಗಳ ದಾಖಲೆ ಅಳಿಸಿಹೋಗುತ್ತಿತ್ತು. ಹೊಸ ಯಂತ್ರ ಹಳೆಯ ಕ್ಯಾಸೆಟ್ಟಿನ ಮೇಲೆ ಬರೆಯಲಾರದು ಎಂಬ ನೆಪಕ್ಕೂ ಜಾಗವಿಲ್ಲ, ಏಕೆಂದರೆ ಅಳಿಸುವುದೂ ಬರೆಯುವುದರ ಒಂದು ರೂಪವೇ. ಹಳೆಯ ಆಟಕ್ಕೆ ಗೊತ್ತಿರುವುದನ್ನಷ್ಟೇ ಹಿಂದಕ್ಕೆ ಕಳುಹಿಸುವ ಉಪಾಯವನ್ನು 1999ರಲ್ಲೇ ಇದೇ ಸರಣಿ ಕಂಡುಕೊಂಡಿತ್ತು. 2006ರಲ್ಲಿ ಅದು ಕೈಬಿಟ್ಟುಹೋಯಿತು. ಸರ್ಕಾರಿ ನೌಕರರ ಭಾಷೆಯಲ್ಲಿ ಹೇಳುವುದಾದರೆ ವರ್ಗಾವಣೆ ಇದ್ದದ್ದು ಎತ್ತಂಗಡಿಯಾಯಿತು. 2008ರಲ್ಲಿ ಬಂದ ಡಿಎಸ್ಐ ಯಂತ್ರದಲ್ಲಿ ಹಳೆಯ ಕ್ಯಾಸೆಟ್ಟಿನ ಕಿಂಡಿಯನ್ನೇ ಮುಚ್ಚಿದರು. ಹೊಸ ಯಂತ್ರ ಕೊಂಡು ಹಳೆಯದನ್ನು ಮಾರಿದವರಿಗೆ ಉದ್ಯಾನದ ಗೇಟೂ ಮುಚ್ಚಿತು.

2010ರ ಬ್ಲ್ಯಾಕ್ ಮತ್ತು ವೈಟ್ ಆವೃತ್ತಿಗಳಲ್ಲಿ ಉದ್ಯಾನದ ಜಾಗಕ್ಕೆ ಪ್ರಯೋಗಶಾಲೆ ಬಂತು. ಎರಡು ಡಿಎಸ್ ಯಂತ್ರಗಳನ್ನು ಅಕ್ಕಪಕ್ಕ ಇಟ್ಟುಕೊಂಡು, ಪೊದೆಗಳಿಂದ ಹಾರಿ ಬರುವ ಜೀವಿಗಳತ್ತ ಬಿಲ್ಲಿನಂಥ ಸಾಧನದಿಂದ ಚೆಂಡು ಹೊಡೆಯಬೇಕು. ಒಬ್ಬನೇ ಆಡುವವನಿಗೂ ಎರಡು ಯಂತ್ರಗಳು ಬೇಕು. ಸಾಗುವ ಜೀವಿ ತನ್ನ ಬಳಿ ಇಟ್ಟುಕೊಂಡಿದ್ದ ವಸ್ತುವನ್ನು ಜೊತೆಗೆ ಒಯ್ಯುವಂತಿಲ್ಲ. ಇಲ್ಲಿಯೂ ದಾರಿ ಒಂದೇ ಕಡೆಗೆ. ಆಟದ ಸೊಗಸು ಇನ್ನೂ ಸ್ವಲ್ಪ ಉಳಿದಿದ್ದರೂ ಗಡಿಯ ತಪಾಸಣಾ ಕೇಂದ್ರದ ಲಕ್ಷಣಗಳು ಕಾಣತೊಡಗಿದವು.

ಆನಂತರದ ಹೆಸರು ಬ್ಯಾಂಕ್. 2013ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಆರಂಭವಾಗಿ, ಸರ್ವರ್‌ಗಳ ಮೇಲೆ ಒತ್ತಡ ಹೆಚ್ಚಿದ್ದರಿಂದ ನಿಂತು, 2014ರ ಆರಂಭದಲ್ಲಿ ಮತ್ತೆ ಬಾಗಿಲು ತೆರೆದ ಪೊಕೆಮಾನ್ ಬ್ಯಾಂಕ್, ಆಟಗಾರರ ಸಂಗ್ರಹವನ್ನು ಕಂಪೆನಿಯ ದೂರದ ಕಂಪ್ಯೂಟರಿನಲ್ಲಿ ಇಡುವ ಸೇವೆ. 3,000 ಜೀವಿಗಳಿಗೆ ಜಾಗ, ವರ್ಷಕ್ಕೆ ಸುಮಾರು 5 ಡಾಲರ್ ಶುಲ್ಕ. ಬಡ್ಡಿಯಿಲ್ಲದ ಬ್ಯಾಂಕ್ ಸಿಕ್ಕಿತೆಂದು ನಮ್ಮವರು ಸಂತೋಷಪಡುವಂತಿಲ್ಲ. ಇಲ್ಲಿ ಠೇವಣಿ ಇಟ್ಟವನೇ ಬಾಡಿಗೆ ಕೊಡಬೇಕು. ಈ ಬ್ಯಾಂಕಿಗೆ ಹಣ ಕಟ್ಟುವ ದಾರಿ 3ಡಿಎಸ್ ಯಂತ್ರದ ಆನ್‌ಲೈನ್ ಅಂಗಡಿಯ ಮೂಲಕವಿತ್ತು. 2023ರ ಮಾರ್ಚಿನಲ್ಲಿ ಆ ಅಂಗಡಿ ಮುಚ್ಚಿದಾಗ ಬ್ಯಾಂಕ್ ಉಚಿತವಾಯಿತು. ಅದುವರೆಗೆ ಅದನ್ನು ಇಳಿಸಿಕೊಳ್ಳದೇ ಇದ್ದವರಿಗೆ ಮಾತ್ರ ಆ ಉಚಿತ ಸೇವೆಯ ಬಾಗಿಲು ಅಂದೇ ಮುಚ್ಚಿತು. 2024ರ ಏಪ್ರಿಲಿನಲ್ಲಿ ಆ ಯಂತ್ರದ ಇತರ ಆನ್‌ಲೈನ್ ಸೇವೆಗಳು ನಿಂತಾಗ, ಬ್ಯಾಂಕ್ ಸದ್ಯಕ್ಕೆ ಮುಂದುವರಿಯುತ್ತದೆ, ಮುಂದೊಂದು ದಿನ ನಿಲ್ಲಲೂಬಹುದು ಎಂದು ಕಂಪೆನಿ ತಿಳಿಸಿತು.

2020ರಲ್ಲಿ ಬಂದದ್ದು ಹೋಮ್, ಅಂದರೆ ಮನೆ. ಉಚಿತವಾಗಿ 30 ಜೀವಿಗಳನ್ನು ಇಡಬಹುದು. 6,000 ಇಡಬೇಕಾದರೆ ವರ್ಷಕ್ಕೆ ಸುಮಾರು 16 ಡಾಲರ್ ಎಂದು ಆಗ ದರ ಗೊತ್ತುಮಾಡಿದರು. ಬ್ಯಾಂಕಿನಿಂದ ಮನೆಗೆ ತರಬೇಕೆಂದರೂ ಚಂದಾದಾರನಾಗಿರಲೇಬೇಕು. ತಂದ ಮೇಲೆ ಬ್ಯಾಂಕಿಗೆ ಮರಳಿಸುವಂತಿಲ್ಲ. ಟೈಮ್ ಕ್ಯಾಪ್ಸೂಲ್, ಉದ್ಯಾನ, ಪ್ರಯೋಗಶಾಲೆ, ಬ್ಯಾಂಕ್, ಮನೆ. ಈ ಹೆಸರುಗಳನ್ನು ಸಾಲಾಗಿ ಓದಿದರೆ ಇಡೀ ಕತೆ ಅದರಲ್ಲೇ ಇದೆ. ಹೆಸರು ಹೆಚ್ಚು ಹೆಚ್ಚು ಆಪ್ತವಾದಂತೆಲ್ಲ ವಸ್ತು ಆಟಗಾರನ ಕೈಯಿಂದ ಹೆಚ್ಚು ಹೆಚ್ಚು ದೂರ ಹೋಗಿದೆ.

2003ರಲ್ಲಿ ರೂಬಿ ಆಟದಲ್ಲಿ ಹಿಡಿದ ಜೀವಿಯೊಂದು ಈ ಮನೆಯನ್ನು ಸೇರಬೇಕಾದರೆ ಏನೇನು ಬೇಕೆಂದು ಲೆಕ್ಕ ಹಾಕಿ ನೋಡಿ. ಹಳೆಯ ಕ್ಯಾಸೆಟ್, ಎರಡು ಕಿಂಡಿಗಳ ಹಳೆಯ ಡಿಎಸ್, ನಾಲ್ಕನೆಯ ಪೀಳಿಗೆಯ ಆಟದ ಕಾರ್ಡು, ಐದನೆಯ ಪೀಳಿಗೆಯ ಆಟದ ಕಾರ್ಡು, ಬ್ಯಾಂಕನ್ನು ಮೊದಲೇ ಇಳಿಸಿಕೊಂಡ 3ಡಿಎಸ್, ಕೊನೆಗೆ ಸ್ವಿಚ್ ಯಂತ್ರ ಮತ್ತು ಹೋಮ್ ಚಂದಾ. ಇದರಲ್ಲಿ ಒಂದು ಕೊಂಡಿ ಕಳಚಿದರೂ ಪ್ರಯಾಣ ಅಲ್ಲಿಗೆ ಮುಗಿಯಿತು. ಅಷ್ಟು ದೂರ ಬಂದವಕ್ಕೂ ನೆಲೆ ಖಚಿತವಿಲ್ಲ. 2019ರ ಸ್ವೋರ್ಡ್ ಮತ್ತು ಶೀಲ್ಡ್ ಆವೃತ್ತಿಗಳಲ್ಲಿ ಎಲ್ಲ ಜೀವಿಗಳಿಗೂ ಜಾಗವಿಲ್ಲ ಎಂದು ತಯಾರಕರು ಮೊದಲೇ ಹೇಳಿದಾಗ ಅಭಿಮಾನಿಗಳು ಸಿಟ್ಟಾದರು. ಆ ಸಿಟ್ಟನ್ನು ಬಾಲಿಶವೆಂದು ನಕ್ಕವರಿದ್ದರು. ಆದರೆ ಎಲ್ಲವನ್ನೂ ಸಂಗ್ರಹಿಸು ಎಂದು ಎರಡು ದಶಕ ಕರೆ ಕೊಟ್ಟವರು, ಸಂಗ್ರಹಿಸಿ ತಂದವನನ್ನು ಹೊಸ್ತಿಲಲ್ಲಿ ನಿಲ್ಲಿಸಿದ್ದು ಸಣ್ಣ ವಿಷಯವಲ್ಲ.

ನಮ್ಮ ಭಾಷೆಯಲ್ಲಿ ಈ ಸ್ಥಿತಿಗೆ ಸರಿಯಾದ ಶಬ್ದವೊಂದಿದೆ. 'ಅಮಾನತ್' ಎಂಬುದು ಅರಬಿ ಶಬ್ದ. ನಂಬಿ ಒಪ್ಪಿಸಿದ್ದು, ಕೇಳಿದಾಗ ಒಡೆಯನಿಗೆ ಮರಳಿಸಬೇಕಾದದ್ದು ಎಂದು ಅರ್ಥ. ಇಸ್ಲಾಮಿನ ನೀತಿಯಲ್ಲಿ ಅದಕ್ಕೆ ಬಹು ದೊಡ್ಡ ಸ್ಥಾನವಿದೆ. ಪ್ರವಾದಿಯವರನ್ನು ಮಕ್ಕಾದ ಜನ ಅಲ್ ಅಮೀನ್ ಎಂದು ಕರೆದದ್ದೂ ಇದೇ ಮೂಲದ ಶಬ್ದದಿಂದ. ಇದೇ ಶಬ್ದ ಕಚೇರಿಗಳ ಮೂಲಕ ಕನ್ನಡಕ್ಕೆ ಬಂದು 'ಅಮಾನತು' ಆಯಿತು. ಠೇವಣಿ ಎಂಬ ಅರ್ಥ ಹಿಂದೆ ಸರಿದು, ಕೆಲಸದಿಂದ ತಾತ್ಕಾಲಿಕವಾಗಿ ದೂರ ಇಡುವುದು, ಆದೇಶವನ್ನು ತಡೆಹಿಡಿಯುವುದು ಎಂಬ ಅರ್ಥಗಳೇ ಮುಂದೆ ಬಂದವು. ಹೋಮ್‌ನಲ್ಲಿರುವ, ಆದರೆ ಯಾವ ಹೊಸ ಆಟಕ್ಕೂ ಇಳಿಯಲಾಗದ ಜೀವಿ ಈ ಎರಡೂ ಅರ್ಥಗಳಲ್ಲಿ ಅಮಾನತ್ತಿನಲ್ಲಿದೆ. ಒಪ್ಪಿಸಿದವನು ಠೇವಣಿ ಎಂದು ತಿಳಿದಿದ್ದಾನೆ. ಇಟ್ಟುಕೊಂಡವರು ತಡೆಹಿಡಿದಿದ್ದಾರೆ.

ಇದು ಪೊಕೆಮಾನ್‌ಗೆ ಮಾತ್ರ ಸೀಮಿತವಾದ ಕತೆಯಲ್ಲ. 2017ರ ಸ್ವಿಚ್ ಯಂತ್ರದಲ್ಲಿ ನಿಂಟೆಂಡೊ ಸೇವ್ ಡೇಟಾವನ್ನು ಆಟದ ಕಾರ್ಡಿನಿಂದ ಬೇರ್ಪಡಿಸಿ ಯಂತ್ರದ ಒಳಗೆ ಇಟ್ಟಿತು. ಕಾರ್ಡನ್ನು ತಮ್ಮನಿಗೆ ಕೊಟ್ಟರೆ ಈಗ ಆಟ ಮಾತ್ರ ಹೋಗುತ್ತದೆ. ಯಂತ್ರ ಕೆಟ್ಟರೆ ನೆನಪು ಅದರೊಂದಿಗೇ ಹೋಗುತ್ತದೆ. ದೂರದ ಸರ್ವರಿನಲ್ಲಿ ಪ್ರತಿ ಇಡುವ ಸೌಲಭ್ಯ 2018ರಲ್ಲಿ ಬಂತು, ಅದೂ ಚಂದಾ ಕಟ್ಟಿದವರಿಗೆ, ಅದೂ ಎಲ್ಲ ಆಟಗಳಿಗಲ್ಲ. ಲಾಕ್‌ಡೌನಿನ 2020ರಲ್ಲಿ ಲಕ್ಷಾಂತರ ಜನ ತಮ್ಮದೊಂದು ದ್ವೀಪವನ್ನು ಕಟ್ಟಿ ಸಮಾಧಾನಪಟ್ಟ ಅನಿಮಲ್ ಕ್ರಾಸಿಂಗ್ ಆಟ ಆ ಸೌಲಭ್ಯದ ಹೊರಗಿತ್ತು. ಬಿಡುಗಡೆಯಾದ ತಿಂಗಳುಗಳ ಮೇಲೆ ಅದಕ್ಕೆ ಪ್ರತ್ಯೇಕ ವ್ಯವಸ್ಥೆ ಮಾಡಿದರು. 2025ರ ಜೂನ್‌ನಲ್ಲಿ ಬಂದ ಸ್ವಿಚ್ 2 ಹಳೆಯ ಸ್ವಿಚ್‌ನ ಬಹುಪಾಲು ಆಟಗಳನ್ನು ಒಪ್ಪಿಕೊಳ್ಳುತ್ತದೆ, ಸೇವ್ ಡೇಟಾವನ್ನೂ ಸಾಗಿಸಿಕೊಳ್ಳುತ್ತದೆ. ಇದನ್ನು ಮೆಚ್ಚಬೇಕು. ಅದರ ಜೊತೆಗೇ ಬಂದ ಕೆಲವು ಕಾರ್ಡುಗಳ ಒಳಗೆ ಮಾತ್ರ ಆಟವೇ ಇಲ್ಲ. ಆಟವನ್ನು ಇಂಟರ್ನೆಟ್ಟಿನಿಂದ ಇಳಿಸಿಕೊಳ್ಳಲು ಬೇಕಾದ ಕೀಲಿಯಷ್ಟೇ ಇದೆ.

ಸೋನಿಯ ಕತೆ ಇದಕ್ಕೆ ತಿರುಗುಮುರುಗು. 2004ರ ಪಿಎಸ್‌ಪಿಯಲ್ಲಿ ಆಟಗಳು ಯುಎಂಡಿ ಎಂಬ ಪುಟ್ಟ ತಟ್ಟೆಗಳಲ್ಲಿ ಬಂದವು, ಸೇವ್ ಡೇಟಾ ಬೇರೆ ಮೆಮೊರಿ ಕಾರ್ಡಿನಲ್ಲಿ ಕೂರುತ್ತಿತ್ತು. 2011ರ ವೀಟಾ ಯಂತ್ರಕ್ಕೆ ಆ ತಟ್ಟೆಯನ್ನು ಓದುವ ಶಕ್ತಿಯೇ ಇರಲಿಲ್ಲ. ಸೇವ್ ಡೇಟಾವನ್ನು ಕಂಪ್ಯೂಟರಿನ ಮೂಲಕ ದಾಟಿಸಬಹುದಿತ್ತು, ಆದರೆ ಅದೇ ಆಟವನ್ನು ಡೌನ್‌ಲೋಡ್ ರೂಪದಲ್ಲಿ ಮತ್ತೆ ಕೊಳ್ಳಬೇಕು. ತಟ್ಟೆಯಿದ್ದವರಿಗೆ ಕಡಿಮೆ ಬೆಲೆಯಲ್ಲಿ ಡೌನ್‌ಲೋಡ್ ಪ್ರತಿ ಕೊಡುವ ಯೋಜನೆ ಜಪಾನಿನಲ್ಲಿ ಬಂತು, ಅಮೆರಿಕಕ್ಕೆ ಬರಲಿಲ್ಲ. ನೆನಪು ದಾಟಿತು, ಆಟ ಈಚೆಯೇ ಉಳಿಯಿತು.

ಕಂಪೆನಿಗಳ ಪರವಾಗಿಯೂ ಹೇಳಬೇಕಾದದ್ದಿದೆ. ಸಾಗಿಸಿದ ಮೇಲೆ ಮೂಲವನ್ನು ಅಳಿಸುವುದು ಕೇವಲ ಕ್ರೌರ್ಯವಲ್ಲ. ನಕಲಿಗೆ ಅವಕಾಶ ಕೊಟ್ಟರೆ ಅಪರೂಪದ್ದು ಅಗ್ಗವಾಗುತ್ತದೆ, ಗೆಳೆಯನಿಗೆ ಕೊಟ್ಟದ್ದು ಕೊಡುಗೆಯಾಗಿ ಉಳಿಯುವುದಿಲ್ಲ. ಕೊಟ್ಟವನ ಕೈ ಖಾಲಿಯಾದರೆ ತಾನೇ ಕೊಟ್ಟದ್ದಕ್ಕೆ ಬೆಲೆ? ಮೋಸದ ಆಟಕ್ಕೆ ತಡೆ ಹಾಕುವುದೂ ಅಗತ್ಯ. ಮೂವತ್ತು ವರ್ಷಗಳ ಹಿಂದಿನ ಚಿಪ್‌ಗಳಿಗೆ ಹೊಂದುವಂತೆ ಹೊಸ ಯಂತ್ರವನ್ನು ಕಟ್ಟುವುದಕ್ಕೆ ಖರ್ಚೂ ಇದೆ. ಎರಡು ದಶಕ ಹಿಂದಿನ ಜೀವಿಯೊಂದು ಇಂದಿನ ಯಂತ್ರಕ್ಕೆ, ಎಷ್ಟೇ ಸುತ್ತು ಬಳಸಿಯಾದರೂ, ತಲುಪಬಲ್ಲುದು ಎಂಬುದು ಈ ಉದ್ಯಮದಲ್ಲಿ ಅಪರೂಪದ ಸಂಗತಿ. ಬೇರೆ ಎಷ್ಟೋ ಕಂಪೆನಿಗಳು ಅಷ್ಟನ್ನೂ ಮಾಡಲಿಲ್ಲ.

ಆದರೆ ತಾನೂ ಕಾಯುವುದಿಲ್ಲ, ಕಾಯುವವರಿಗೂ ಬಿಡುವುದಿಲ್ಲ ಎಂಬ ಧೋರಣೆಯನ್ನು ಒಪ್ಪಲಾಗದು. ಅಮೆರಿಕದ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಆ ದೇಶದಲ್ಲಿ 2010ಕ್ಕೆ ಮೊದಲು ಬಿಡುಗಡೆಯಾದ ಆಟಗಳಲ್ಲಿ 87 ಶೇಕಡಾ ಈಗ ಅಂಗಡಿಯಲ್ಲಿ ಸಿಗುವುದಿಲ್ಲ. ಮಾರಾಟದಲ್ಲಿಲ್ಲದ ಹಳೆಯ ಆಟಗಳನ್ನು ಸಂಶೋಧಕರು ದೂರದಿಂದಲೇ ನೋಡುವಂತೆ ಗ್ರಂಥಾಲಯಗಳು ಒದಗಿಸಬಹುದೇ ಎಂಬ ಮನವಿಯನ್ನು ಅಲ್ಲಿನ ಕೃತಿಸ್ವಾಮ್ಯ ಕಚೇರಿ 2024ರ ಅಕ್ಟೋಬರಿನಲ್ಲಿ ತಿರಸ್ಕರಿಸಿತು. ಉದ್ಯಮದ ಸಂಘಟನೆ ಮನವಿಯನ್ನು ವಿರೋಧಿಸಿತ್ತು. ಅದೇ ವರ್ಷ ಕ್ಯಾಲಿಫೋರ್ನಿಯಾ ರಾಜ್ಯ ಒಂದು ಕಾನೂನು ಮಾಡಿತು. ಡಿಜಿಟಲ್ ವಸ್ತುವಿನ ಮಾರಾಟದಲ್ಲಿ ಕೊಳ್ಳುವವನಿಗೆ ಸಿಗುವುದು ಬಳಸುವ ಪರವಾನಗಿ ಮಾತ್ರವಾಗಿದ್ದರೆ, ಅದನ್ನು ಸ್ಪಷ್ಟವಾಗಿ ಹೇಳಬೇಕೆಂಬ ಈ ಕಾನೂನು 2025ರ ಆರಂಭದಿಂದ ಜಾರಿಗೆ ಬಂತು. 'ಖರೀದಿಸಿ' ಎಂಬ ಗುಂಡಿಯ ಹಿಂದೆ ಇದ್ದದ್ದು ಖರೀದಿಯಲ್ಲ ಎಂಬುದನ್ನು ಕಾನೂನಿನ ಮೂಲಕ ಹೇಳಿಸಬೇಕಾಯಿತು. ವಸ್ತುವಿನ ಗುಣದೋಷವನ್ನೂ ಷರತ್ತನ್ನೂ ಮುಚ್ಚಿಟ್ಟು ಮಾರಬಾರದೆಂಬುದು ನಮ್ಮ ಸಂತೆಯ ವ್ಯಾಪಾರಿಗೂ ಗೊತ್ತಿರುವ ನೀತಿ.

ಇದು ದೂರದ ಶ್ರೀಮಂತ ಮಕ್ಕಳ ಗೊಡವೆ ಎಂದು ಕನ್ನಡದ ಓದುಗರು ಪುಟ ಮಗುಚಬೇಕಾಗಿಲ್ಲ. ನಮಗೂ ಇಂಥದೇ ಅನುಭವವಿದೆ. 1990ರ ದಶಕದಿಂದ ಕನ್ನಡದ ಪತ್ರಿಕೆಗಳು, ಲೇಖಕರು, ಮುದ್ರಣಾಲಯಗಳು ಶ್ರೀಲಿಪಿ, ಬರಹ, ನುಡಿ ಮುಂತಾದ ತಂತ್ರಾಂಶಗಳಲ್ಲಿ ರಾಶಿ ರಾಶಿ ಬರಹವನ್ನು ಕೂಡಿಹಾಕಿದರು. ಯೂನಿಕೋಡ್ ಬಂದ ಮೇಲೆ ಹಳೆಯ ಫೈಲನ್ನು ತೆರೆದರೆ ಕನ್ನಡದ ಬದಲು ಇಂಗ್ಲಿಷ್ ಅಕ್ಷರ ಮತ್ತು ಚಿಹ್ನೆಗಳ ಕಲಸುಮೇಲೋಗರ ಕಾಣಿಸತೊಡಗಿತು. ಪರಿವರ್ತಕ ತಂತ್ರಾಂಶಗಳನ್ನು ಬರೆದು ಹಂಚಿದವರಿಂದಾಗಿ ಅದರಲ್ಲಿ ಎಷ್ಟೋ ಬದುಕಿತು. ಫೈಲು ನಮ್ಮ ಕೈಯಲ್ಲೇ ಇತ್ತು, ತೆರೆದು ನೋಡಲು ಯಾರ ಅಪ್ಪಣೆಯೂ ಬೇಕಿರಲಿಲ್ಲ ಎಂಬ ಕಾರಣಕ್ಕೆ ಇದು ಸಾಧ್ಯವಾಯಿತು. ಅದೇ ಬರಹ ಯಾವುದೋ ಕಂಪೆನಿಯ ಸರ್ವರಿನಲ್ಲಿ, ಅದಕ್ಕಷ್ಟೇ ತಿಳಿಯುವ ರೂಪದಲ್ಲಿ ಇದ್ದಿದ್ದರೆ, ಅಂಗಡಿ ಮುಚ್ಚಿದ ದಿನ ನಮ್ಮ ಒಂದು ಕಾಲಘಟ್ಟದ ಸಾಹಿತ್ಯವೂ ಮುಚ್ಚಿಹೋಗುತ್ತಿತ್ತು. ಇಂದು ನಮ್ಮ ಕುಟುಂಬದ ಫೋಟೊ, ಕೊಲ್ಲಿಯಿಂದ ಮಕ್ಕಳು ಕಳುಹಿಸುವ ದನಿ, ಮದ್ರಸದ ಹಾಜರಿಪಟ್ಟಿ ಎಲ್ಲವೂ ಇದೇ ದಾರಿಯಲ್ಲಿವೆ. ಆಟಗಾರರು ಮೂವತ್ತು ವರ್ಷ ಮೊದಲೇ ಈ ದಾರಿಗೆ ಬಂದರು, ಅಷ್ಟೇ ವ್ಯತ್ಯಾಸ.

ಹಳೆಯ ಕ್ಯಾಸೆಟ್ ಇಟ್ಟುಕೊಂಡವರು ಮಾಡಬಹುದಾದದ್ದು ಸ್ವಲ್ಪವಿದೆ. ಸೆಲ್ ಬರಿದಾಗುವ ಮೊದಲು ಕ್ಯಾಸೆಟ್ಟಿನ ಸೇವ್ ಡೇಟಾವನ್ನು ಕಂಪ್ಯೂಟರಿಗೆ ನಕಲು ಮಾಡಿಕೊಳ್ಳುವ ಸಾಧನಗಳು ಸಿಗುತ್ತವೆ. ಹಾಗೆ ಪ್ರತಿ ಇಟ್ಟುಕೊಂಡು, ಬೆಸುಗೆ ಬಲ್ಲವರಿಂದ ಸೆಲ್ ಬದಲಿಸಿ, ನೆನಪನ್ನು ಮರಳಿ ತುಂಬಬಹುದು. ಪ್ರತಿ ಇಡದೆ ಸೆಲ್ ಕಿತ್ತರೆ ಎಲ್ಲವೂ ಹೋಗುತ್ತದೆ.

ಉಳಿದದ್ದನ್ನು ವಿಮರ್ಶಕರು ಮಾಡಬೇಕು. ಅಮಾನತ್ತಿಗೆ ಮೂರು ಷರತ್ತುಗಳಿವೆ ಎಂದುಕೊಳ್ಳೋಣ. ಒಡೆಯ ಯಾರೆಂಬುದು ಸ್ಪಷ್ಟವಿರಬೇಕು. ಇಟ್ಟುಕೊಂಡವನು ಅದನ್ನು ಕೆಡದಂತೆ ಕಾಯಬೇಕು. ಕೇಳಿದಾಗ ಮರಳಿಸಬೇಕು. ಗೇಮ್‌ಬಾಯ್‌ನ ಬಡ ಕ್ಯಾಸೆಟ್ ಎರಡನೆಯದರಲ್ಲಿ ಒಂದಿಲ್ಲೊಂದು ದಿನ ಸೋಲುತ್ತದೆ, ಆದರೆ ಮೊದಲನೆಯದರಲ್ಲೂ ಮೂರನೆಯದರಲ್ಲೂ ಪೂರ್ಣ ಅಂಕ ಪಡೆಯುತ್ತದೆ. ಪಾಲ್ ಪಾರ್ಕ್ ಮೂರನೆಯದರಲ್ಲಿ ಸೋತಿತು. ಬ್ಯಾಂಕ್ ಮತ್ತು ಹೋಮ್ ಎರಡನೆಯದನ್ನು ದುಡ್ಡಿಗೆ ಮಾಡುತ್ತವೆ, ಮೊದಲನೆಯದನ್ನು ಷರತ್ತುಗಳ ಸಣ್ಣಕ್ಷರದಲ್ಲಿ ಮರೆಸುತ್ತವೆ. ಹೊಸ ಯಂತ್ರ ಬಂದಾಗಲೆಲ್ಲ ಪತ್ರಿಕೆಗಳು ಅದರ ಪರದೆಗೆ ಇಷ್ಟು, ವೇಗಕ್ಕೆ ಇಷ್ಟು, ಬ್ಯಾಟರಿಗೆ ಇಷ್ಟು ಎಂದು ಅಂಕ ಕೊಡುತ್ತವೆ. ಈ ಮೂರು ಷರತ್ತುಗಳಿಗೂ ಅಂಕ ಕೊಡುವ ರೂಢಿ ಇನ್ನಾದರೂ ಆರಂಭವಾಗಬೇಕು. ಅಂಗಡಿಯಲ್ಲಿ ಮಗ ಹೊಸ ಯಂತ್ರಕ್ಕೆ ಹಟ ಹಿಡಿದಾಗ ಬೆಲೆ ಕೇಳುವ ತಂದೆ ತಾಯಿಯರೂ, ಇವನು ಇದರಲ್ಲಿ ಕಟ್ಟಿದ್ದು ಮುಂದಿನ ಯಂತ್ರಕ್ಕೆ ಬರುತ್ತದೆಯೇ, ತಂಗಿಗೆ ಕೊಟ್ಟರೆ ಅವಳಿಗೆ ಸಿಗುತ್ತದೆಯೇ ಎಂದು ಕೇಳಿಯೇ ದುಡ್ಡು ಕೊಡಲಿ.